ಎರಡು ತಲೆಕಟ್ಟಿನ ಎಕಾರ

— ಟೀಚರ್, ಒಂದು ಸಣ್ಣ ವಾಕ್ಯ ನಮಗೆ ತಲೆನೋವಾಗಿದೆ. ಫೋನಿಗೆ ತುಳು ಓದೋಕೆ ಕಲಿಸ್ತಿದ್ದೀವಲ್ಲ, ಅದಕ್ಕೆ ಅಂತ ಜನರ ಹತ್ತಿರ ವಾಕ್ಯಗಳನ್ನ ಓದಿಸಿ ರೆಕಾರ್ಡ್ ಮಾಡ್ಕೊಳ್ತೀವಿ. ಅದರಲ್ಲಿ ‘ಎಲ್ಲೆ ಬರ್ಪೆ’ ಅಂತ ಒಂದು. ಇಬ್ಬರು ಓದಿದ್ದು ಎರಡು ಥರ ಕೇಳಿಸ್ತಿದೆ. ಇಬ್ಬರೂ ಮಂಗಳೂರಿನವರೇ. ಯಾವುದನ್ನ ಸರಿ ಅಂತ ಇಟ್ಟುಕೊಳ್ಳಲಿ?

— ಬರುವುದು ಯಾರು?

— ಅಂದ್ರೆ?

— ನಾಳೆ ನಾನು ಬರುತ್ತೇನೆ ಎಂದು ಓದಿದರೋ, ನಾಳೆ ಅವನು ಬರುತ್ತಾನೆ ಎಂದು ಓದಿದರೋ? ಕಾಗದದ ಮೇಲೆ ಎರಡಕ್ಕೂ ‘ಬರ್ಪೆ’ಯೇ. ಬಾಯಲ್ಲಿ ಹಾಗಲ್ಲ. ‘ಯಾನ್ ಬರ್ಪೆ’ ಎನ್ನುವಾಗ ಕೊನೆಯ ಎಕಾರಕ್ಕೆ ಬಾಯಿ ಅಗಲ ತೆರೆಯುತ್ತದೆ. ‘ಆಯೆ ಬರ್ಪೆ’ ಎನ್ನುವಾಗ ಅಷ್ಟು ತೆರೆಯುವುದಿಲ್ಲ, ಅದು ಕನ್ನಡದ ‘ಮನೆ’ಯಲ್ಲಿ ಬರುವ ಎಕಾರ. ಗಲ್ಲದ ಕೆಳಗೆ ಕೈ ಇಟ್ಟುಕೊಂಡು ಎರಡನ್ನೂ ಹೇಳಿ ನೋಡು.

— ಯಾನ್ ಬರ್ಪೆ... ಆಯೆ ಬರ್ಪೆ... ಹೌದು ಟೀಚರ್! ಮೊದಲನೆಯದಕ್ಕೆ ದವಡೆ ಕೆಳಗಿಳಿಯುತ್ತೆ.

— ಇಳಿಯಲೇಬೇಕು. ಅಲ್ಲಿ ಇಳಿಯದಿದ್ದರೆ ‘ನಾನು’ ಹೋಗಿ ‘ಅವನು’ ಆಗುತ್ತದೆ. ಇದು ಬರ್ಪೆ ಒಂದಕ್ಕೇ ಅಲ್ಲ. ಪೋಪೆ, ಬತ್ತೆ, ಮಲ್ಪುವೆ, ಯಾವ ಕ್ರಿಯಾಪದ ಬೇಕಾದರೂ ತೆಗೆದುಕೋ, ಯಾವ ಕಾಲದ್ದು ಬೇಕಾದರೂ ತೆಗೆದುಕೋ. ಅಗಲದ ಎಕಾರ ಬಂದರೆ ಹೇಳುವವನು, ಸಾದಾ ಎಕಾರ ಬಂದರೆ ಆಚೆಯ ಇನ್ನೊಬ್ಬ. ಒಂದು ಭಾಷೆಯ ವ್ಯಾಕರಣದ ಅಷ್ಟು ಭಾರ ಒಂದು ಸ್ವರದ ಮೇಲೆ ನಿಂತಿದೆ. ನಿನ್ನ ಇಬ್ಬರೂ ಸರಿಯಾಗಿಯೇ ಓದಿದ್ದಾರೆ. ಒಬ್ಬರು ತಮ್ಮ ಮಾತು ಎಂದು ಓದಿದರು, ಇನ್ನೊಬ್ಬರು ಯಾರದ್ದೋ ಸುದ್ದಿ ಎಂದು ಓದಿದರು. ವಾಕ್ಯ ಬರೆದುಕೊಟ್ಟ ಕಾಗದ ಮಾತ್ರ ಅರ್ಧ ಹೇಳಿ ಸುಮ್ಮನಾಯಿತು.

— ಅಂದರೆ ಕನ್ನಡ ಲಿಪಿಯಲ್ಲಿ ಆ ಸ್ವರಕ್ಕೆ ಅಕ್ಷರ ಇಲ್ಲ.

— ಕನ್ನಡಕ್ಕೆ ಅದರ ಜರೂರು ಇರಲಿಲ್ಲ, ಹಾಗಾಗಿ ಇಲ್ಲ. ಆದರೆ ಆ ಸ್ವರವನ್ನು ಯಾರೂ ಕೇಳಿಸಿಕೊಳ್ಳಲಿಲ್ಲ ಎಂದು ಮಾತ್ರ ತಿಳಿಯಬೇಡ. ಬಾಸೆಲ್ ಮಿಷನ್ನಿನವರು ಮಂಗಳೂರಿಗೆ ಬಂದದ್ದು 1834ರಲ್ಲಿ, ಪ್ರೆಸ್ಸು ಶುರು ಮಾಡಿದ್ದು 1841ರಲ್ಲಿ. ಅವರಲ್ಲಿ ಬ್ರಿಗೆಲ್ 1872ರಲ್ಲಿ ತುಳು ವ್ಯಾಕರಣ ಬರೆದ, ಮ್ಯಾನರ್ 1886ರಲ್ಲಿ ತುಳು–ಇಂಗ್ಲಿಷ್ ನಿಘಂಟು ತಂದ. ಇಬ್ಬರೂ ಈ ಸ್ವರವನ್ನು ಗುರುತಿಸಿದ್ದಾರೆ, ಇಂಗ್ಲಿಷಿನ ‘ಮ್ಯಾನ್’ ಪದದಲ್ಲಿರುವ ಸ್ವರದಂತೆ ಎಂದು ವಿವರಿಸಿದ್ದಾರೆ. ಆಮೇಲೆ ನಮ್ಮವರೇ ಆದ ಎಸ್. ಯು. ಪಣಿಯಾಡಿಯವರು 1932ರಲ್ಲಿ ತುಳು ವ್ಯಾಕರಣ ಬರೆದರು. ಅವರು ಅದಕ್ಕೆ ಅಚ್ಚಿನಲ್ಲೇ ಒಂದು ಗುರುತು ಕೊಟ್ಟರು, ಎರಡು ತಲೆಕಟ್ಟು.

— ಎರಡು ತಲೆಕಟ್ಟು?

— ಕ, ತ, ನ ಅಕ್ಷರಗಳ ತಲೆಯ ಮೇಲೆ ಇರುತ್ತದಲ್ಲ, ಅದನ್ನೇ ಎರಡು ಮಾಡಿದರು. ಹೊಸ ಲಿಪಿ ಕಲಿಯಬೇಕಾಗಿಲ್ಲ, ಕನ್ನಡ ಓದುವವನ ಕಣ್ಣಿಗೆ ಗಾಬರಿ ಇಲ್ಲ, ಇಲ್ಲಿ ಬಾಯಿ ಅಗಲ ಮಾಡು ಎಂಬ ಸೂಚನೆಯೂ ಸಿಕ್ಕಿತು. ಅಷ್ಟು ಒಳ್ಳೆಯ ಉಪಾಯ ಅದು. ಉಡುಪಿಯ ಗೋವಿಂದ ಪೈ ಸಂಶೋಧನ ಕೇಂದ್ರದಿಂದ ಯು. ಪಿ. ಉಪಾಧ್ಯಾಯರ ಸಂಪಾದಕತ್ವದಲ್ಲಿ ತುಳು ನಿಘಂಟಿನ ಮೊದಲ ಸಂಪುಟ 1988ರಲ್ಲಿ ಬಂದಾಗ ಅದರಲ್ಲೂ ಇದೇ ಗುರುತನ್ನು ಇಟ್ಟುಕೊಂಡರು. ಆದರೆ ಪೇಪರಿಗೆ, ನಾಟಕದ ಪುಸ್ತಕಕ್ಕೆ, ಯಕ್ಷಗಾನ ಪ್ರಸಂಗಕ್ಕೆ, ಪಾಠಪುಸ್ತಕಕ್ಕೆ ಅದು ಇಳಿದು ಬರಲಿಲ್ಲ. ನಿನ್ನ ಫೋನಿನ ಕೀಲಿಮಣೆಯಲ್ಲಿ ಉಂಟಾ ಎರಡು ತಲೆಕಟ್ಟು?

— ಇಲ್ಲ ಟೀಚರ್. ಆದರೂ ಒಂದು ಮಾತು ಕೇಳಲಾ? ಓದುವವರಿಗೆ ಸಂದರ್ಭ ಗೊತ್ತಿರುತ್ತಲ್ಲ. ಹಿಂದೆ ‘ಯಾನ್’ ಇದ್ದರೆ ನಾನು, ‘ಆಯೆ’ ಇದ್ದರೆ ಅವನು. ತುಳು ಬಲ್ಲವರು ತಪ್ಪು ಮಾಡೋದಿಲ್ಲ.

— ತುಳು ಬಲ್ಲವರು ಮಾಡುವುದಿಲ್ಲ, ಒಪ್ಪಿದೆ. ನನ್ನ ಚಿಂತೆ ಇರುವುದು ತುಳುವನ್ನು ಕಿವಿಯಿಂದ ಅಲ್ಲ, ಕಾಗದದಿಂದ, ಪರದೆಯಿಂದ ಕಲಿಯುವ ಮಕ್ಕಳದ್ದು. ಶಾಲೆಯಲ್ಲಿ ತುಳುವನ್ನು ಮೂರನೆಯ ಭಾಷೆಯಾಗಿ ತೆಗೆದುಕೊಳ್ಳುವ ಅವಕಾಶ ಬಂದಿದೆ, ನನಗೆ ತುಂಬ ಸಂತೋಷ. ಆದರೆ ಮನೆಯಲ್ಲಿ ಇಂಗ್ಲಿಷೋ ಕನ್ನಡವೋ ಮಾತಾಡಿ ಬೆಳೆದ ಮಗು ‘ಬರ್ಪೆ’ ಎಂದು ಅಚ್ಚಾದದ್ದನ್ನು ಅಚ್ಚಾದ ಹಾಗೆಯೇ ಓದುತ್ತದೆ. ಅಂಥ ಮಗುವಿಗೆ ತುಳು ಬಂದಂತೆ ಕಾಣುತ್ತದೆ, ಎರಡು ಎಕಾರ ಒಂದಾಗಿರುತ್ತದೆ. ಈಗ ನಿನ್ನ ಯಂತ್ರವೂ ಆ ಮಗುವಿನ ಹಾಗೆಯೇ ಕಲಿಯುತ್ತಿದೆ. ಅದು ಒಂದೇ ಎಕಾರ ಕಲಿತರೆ ನಾಳೆ ಸಾವಿರ ಮಕ್ಕಳಿಗೆ ಅದನ್ನೇ ಹೇಳಿಕೊಡುತ್ತದೆ.

— ಹಾಗಾದರೆ ಈ ಅಗಲದ ಎಕಾರಕ್ಕೆ ನಾವೊಂದು ಗುರುತು ಮಾಡ್ಕೊಳ್ಳಲೇಬೇಕು. ಇನ್ನೂ ಇಂಥದ್ದು ಏನಿದೆ?

— ಇನ್ನೊಂದು ಉಂಟು. ನೀರಿಗೆ ತುಳುವಿನಲ್ಲಿ ಎಂತ ಹೇಳುತ್ತೀ?

— ನೀರ್.

— ಊರಿಗೆ?

— ಊರು.

— ಎರಡರ ಕೊನೆಯೂ ಒಂದೇ ಥರ ಮುಗಿಯಿತಾ?

— ಇಲ್ಲ. ಊರು ಅನ್ನುವಾಗ ತುಟಿ ಗುಂಡಗಾಗುತ್ತೆ. ನೀರ್ ಅನ್ನುವಾಗ... ಕೊನೆಗೆ ಏನೋ ಇದೆ, ಆದರೆ ಉಕಾರ ಅಲ್ಲ.

— ಅದೇ ತುಳುವಿನ ಅರೆ ಉಕಾರ. ‘ಉ’ ಎಂದು ಹೇಳು, ನಾಲಿಗೆಯನ್ನು ಇದ್ದಲ್ಲೇ ಇಟ್ಟು ತುಟಿಯನ್ನು ಮಾತ್ರ ಅಗಲಿಸು. ಬಂತಲ್ಲ? ಕಾರ್ ಎಂದರೆ ಕಾಲು, ಕಣ್ಣ್, ಪತ್ತ್, ಪುದರ್, ಇವೆಲ್ಲ ಅದರಲ್ಲೇ ಮುಗಿಯುತ್ತವೆ. ಹಿಂದಿನ ಸ್ವರ ‘ಊ’ದಂಥ ದುಂಡಗಿನದಾದರೆ ತುಟಿ ಅದೇ ದುಂಡಿನಲ್ಲಿ ಮುಂದುವರಿದು ಪೂರಾ ಉಕಾರ ಆಗುತ್ತದೆ, ಆದ್ದರಿಂದ ಊರು. ಬ್ರಿಗೆಲ್, ಮ್ಯಾನರ್ ಈ ಅರೆ ಉಕಾರವನ್ನು ಕನ್ನಡದ ಅರ್ಧಾಕ್ಷರದ ಚಿಹ್ನೆಯಿಂದ ತೋರಿಸಿದರು. ನಾವು ಈಗಲೂ ಹಾಗೆಯೇ ಬರೆಯುತ್ತೇವೆ, ಅದು ನಡೆದುಕೊಂಡು ಬಂದಿದೆ. ಆದರೆ ಬೆಂಗಳೂರಿನವನು ‘ನೀರ್’ ಎಂದು ಓದಿದರೆ ರಕಾರಕ್ಕೆ ಕತ್ತರಿ ಹಾಕಿದ ಹಾಗೆ ನಿಲ್ಲಿಸುತ್ತಾನೆ. ನಮ್ಮಲ್ಲಿ ಅದರ ಬಳಿಕ ಒಂದು ಸಣ್ಣ ಸ್ವರ ಉಳಿದಿರುತ್ತದೆ.

— ಇದು ತುಳುವಿಗೆ ಮಾತ್ರ ಇರೋದಾ?

— ಮಲಯಾಳದಲ್ಲಿ ಉಂಟು, ಅವರು ಸಂವೃತೋಕಾರ ಎನ್ನುತ್ತಾರೆ. ಕೊಡವ ತಕ್ಕಿನಲ್ಲಿ ಉಂಟು, ನೀಲಗಿರಿಯ ತೋಡರ ಭಾಷೆಯಲ್ಲೂ ಉಂಟು. ಕನ್ನಡವಾದರೆ ಅಂಥ ಪದಗಳ ಕೊನೆಗೆ ಪೂರಾ ಉಕಾರ ಹಚ್ಚಿತು. ತುಳುವಿನ ಸ್ವರಗಳ ಪಟ್ಟಿ ಪೂರಾ ಬೇಕಾದರೆ ಡಿ. ಎನ್. ಶಂಕರ ಭಟ್ಟರದ್ದು ಉಂಟು, 1967ರಲ್ಲಿ ಪುಣೆಯ ಡೆಕ್ಕನ್ ಕಾಲೇಜಿನಿಂದ ಬಂದ ತುಳುವಿನ ವಿವರಣಾತ್ಮಕ ವ್ಯಾಕರಣ. ಅದನ್ನು ನೀನು ಓದಲೇಬೇಕು. ಹ್ರಸ್ವ, ದೀರ್ಘದ ಲೆಕ್ಕವೆಲ್ಲ ಅಲ್ಲಿ ಸಿಗುತ್ತದೆ, ನಾನು ಇಲ್ಲಿ ಹೇಳುತ್ತ ಕೂರುವುದಿಲ್ಲ.

— ವ್ಯಂಜನಗಳಲ್ಲಿ ಇಂಥ ಕಷ್ಟ ಇಲ್ಲ ಅಲ್ವಾ? ಕನ್ನಡದ ಅಕ್ಷರಗಳು ಸಾಕಾಗುತ್ತೆ.

— ಅಕ್ಷರ ಸಾಕು, ಬೇಕಾದಷ್ಟು ಉಂಟು. ಕಷ್ಟ ಇರುವುದು ಬೇರೆ ಕಡೆ. ಮೊದಲು ಕನ್ನಡದ ಪಕ್ಕದಲ್ಲಿಟ್ಟು ನೋಡುವ. ಹುಲಿಗೆ ನಾವು ಪಿಲಿ ಎನ್ನುತ್ತೇವೆ. ದಸರಾದಲ್ಲಿ ಕುಣಿಯುವುದು ಪಿಲಿವೇಷ. ಹಳಗನ್ನಡದ ಪುಲಿ ನಡುಗನ್ನಡಕ್ಕೆ ಬರುವಾಗ ಹುಲಿ ಆಯಿತು, ತುಳುವಿನಲ್ಲಿ ಪಕಾರ ಹಾಗೆಯೇ ಉಳಿಯಿತು. ಹತ್ತಕ್ಕೆ ಪತ್ತ್, ಹೂವಿಗೆ ಪೂ. ಇದನ್ನು ನೋಡಿ ಕೆಲವರು, ತುಳು ಹಳೆಯದು, ಏನೂ ಕೆಡದೆ ಉಳಿದದ್ದು ಎನ್ನುತ್ತಾರೆ. ಆದರೆ ಅದೇ ಪದದ ಮೊದಲ ಸ್ವರ ನೋಡು. ಪುಲಿಯ ಉಕಾರ ನಮ್ಮಲ್ಲಿ ಇಕಾರ ಆಗಿದೆ, ಕನ್ನಡದಲ್ಲಿ ಉಕಾರವೇ ಉಳಿದಿದೆ. ವ್ಯಂಜನವನ್ನು ತುಳು ಕಾಯ್ದುಕೊಂಡಿತು, ಸ್ವರವನ್ನು ಕನ್ನಡ ಕಾಯ್ದುಕೊಂಡಿತು. ಯಾವ ಭಾಷೆಯೂ ಇಡಿಯಾಗಿ ಹಳೆಯದಲ್ಲ.

— ಒಂದು, ಮೂರು, ಆರು ಅನ್ನೋದು ತುಳುವಿನಲ್ಲಿ ಒಂಜಿ, ಮೂಜಿ, ಆಜಿ ಆಗುತ್ತಲ್ಲ. ಚಿಕ್ಕಂದಿನಲ್ಲಿ ಅದು ನನಗೆ ಆಟದ ಥರ ಕಾಣ್ತಿತ್ತು.

— ಆ ಮೂರಕ್ಕೂ ಒಂದೇ ಕಾರಣ ಉಂಟು. ಮೂಲ ದ್ರಾವಿಡದಲ್ಲಿ ಈಗ ನಮ್ಮ ಯಾರ ಬಾಯಲ್ಲೂ ಇಲ್ಲದ ಒಂದು ವ್ಯಂಜನ ಇತ್ತು, ನಾಲಿಗೆಯ ತುದಿ ಹಲ್ಲಿನ ಬುಡದ ಒಸಡಿಗೆ ತಾಗಿ ಬರುವಂಥದ್ದು. ತಮಿಳಿನವರು ಅದನ್ನು ಬಲವಾದ ಱಕಾರವಾಗಿ ಇಟ್ಟುಕೊಂಡರು. ಕನ್ನಡದಲ್ಲಿ ಅದು ಕೆಲವು ಕಡೆ ದಕಾರ, ಕೆಲವು ಕಡೆ ರಕಾರ ಆಯಿತು. ತುಳು ಅದನ್ನು ಜಕಾರ ಮಾಡಿಕೊಂಡಿತು. ಹಾಗೆಯೇ ಹಳಗನ್ನಡದ ೞ. ಕೋೞಿ ಕನ್ನಡದಲ್ಲಿ ಕೋಳಿ ಆಯಿತು, ತುಳುವಿನಲ್ಲಿ ಕೋರಿ. ಕೋರಿರೊಟ್ಟಿ ತಿನ್ನುವವರು ಯಾರೂ ಆ ರಕಾರದ ಹಿಂದೆ ಒಂದು ೞಕಾರ ಉಂಟು ಎಂದು ಯೋಚಿಸುವುದಿಲ್ಲ, ಅದು ಬಿಡು. ಬಾಳೆಗೆ ಬಾರೆ, ಹುಳುವಿಗೆ ಪುರಿ. ಆದರೆ ಏಳಕ್ಕೆ ಏಳ್ ಎಂದೇ ಹೇಳುತ್ತೇವೆ, ಏರ್ ಎನ್ನುವುದಿಲ್ಲ. ಒಂದೇ ೞಕಾರ ತುಳುವಿನೊಳಗೆ ಬೇರೆ ಬೇರೆ ದಾರಿ ಹಿಡಿದಿದೆ. ಬ್ರಾಹ್ಮಣರ ತುಳುವಿಗೆ ಹೋದರೆ ಇನ್ನೂ ಹಲವು ಕಡೆ ರಕಾರದ ಬದಲು ಳಕಾರ ಕೇಳಿಸುತ್ತದೆ.

— ಅಲ್ಲಿಗೇ ಬಂದ್ರಿ ಟೀಚರ್, ನನ್ನ ದೊಡ್ಡ ಪ್ರಶ್ನೆ ಅದೇ. ಯಾವ ತುಳುವನ್ನ ಫೋನಿಗೆ ಕಲಿಸೋದು? ನಮ್ಮ ತಂಡದಲ್ಲಿ ಎಲ್ಲರೂ ಕುಡ್ಲದ, ಅಂದ್ರೆ ಮಂಗಳೂರಿನ, ತುಳು ಸಾಕು ಅಂತಾರೆ. ಸಿನಿಮಾ, ನಾಟಕ, ಯೂಟ್ಯೂಬ್, ಎಲ್ಲ ಇಲ್ಲಿಯದೇ. ಒಂದು ಶುದ್ಧ ತುಳು ಅಂತ ಇಟ್ಟುಕೊಂಡರೆ ಕೆಲಸವೂ ಸುಲಭ.

— ಕೆಲಸ ಸುಲಭ ಆಗುತ್ತದೆ, ಅದು ಹೌದು. ಶುದ್ಧ ಎಂಬ ಪದವನ್ನು ಮಾತ್ರ ಇಲ್ಲಿ ಹೇಳಬೇಡ. ನಿನ್ನ ಅಜ್ಜಿಯ ಮನೆ ಕಾರ್ಕಳ ಅಲ್ವಾ? ಅಲ್ಲಿ ಜೈನರ ಮನೆಯಲ್ಲಿ ತಲೆಗೆ ಎಂತ ಹೇಳುವುದು ಕೇಳಿದ್ದೀಯಾ?

— ಹರೆ. ನಾವು ತರೆ ಅನ್ನೋದಕ್ಕೆ ಅವರು ಹರೆ ಅಂತಾರೆ. ಸಾದಿಗೂ ಹಾದಿ ಅಂತಾರೆ. ಅಲ್ಲಿಯ ಮಕ್ಕಳನ್ನ ನಾವು ರೇಗಿಸ್ತಿದ್ವಿ.

— ಎಲ್ಲರೂ ರೇಗಿಸುತ್ತಾರೆ. ಅದರ ಒಳಗಿನ ಕ್ರಮ ನೋಡು. ತರೆ, ಸರೆ, ಹರೆ, ಮೂರೂ ತುಳುವೇ. ತಕಾರ ಸಕಾರ ಆಗುವುದು, ಸಕಾರ ಹಕಾರ ಆಗುವುದು, ಇದು ನಾಲಿಗೆ ತನ್ನ ಬಿಗಿಯನ್ನು ಸ್ವಲ್ಪ ಸ್ವಲ್ಪವೇ ಬಿಡುತ್ತ ಹೋಗುವ ದಾರಿ. ತಕಾರಕ್ಕೆ ನಾಲಿಗೆ ಹಲ್ಲಿಗೆ ಪೂರಾ ತಾಗಬೇಕು, ಸಕಾರಕ್ಕೆ ಸಂದು ಬಿಟ್ಟು ನಿಂತರೆ ಸಾಕು, ಹಕಾರಕ್ಕೆ ನಾಲಿಗೆಯ ಕೆಲಸವೇ ಇಲ್ಲ, ಉಸಿರು ಮಾತ್ರ. ಬೇರೆ ಕಡೆ ನೂರಾರು ವರ್ಷಗಳಲ್ಲಿ ನಡೆಯುವ ಬದಲಾವಣೆ ನಮ್ಮಲ್ಲಿ ಒಂದೇ ದಿನದ ಬಸ್ ಪ್ರಯಾಣದಲ್ಲಿ ಕಿವಿಗೆ ಬೀಳುತ್ತದೆ. ಇದನ್ನು ಕೆಟ್ಟ ಉಚ್ಚಾರ ಎಂದು ಅಳಿಸಿ ಹಾಕಿದರೆ ತುಳುವಿನ ಚರಿತ್ರೆಯನ್ನೇ ಅಳಿಸಿದ ಹಾಗೆ.

— ಬೇರೆ ಭಾಷೆಗಳಲ್ಲೂ ಹೀಗೆ ಇದೆಯಾ? ಒಂದು ಉಪಭಾಷೆ ಒಂದು ಧ್ವನಿಯನ್ನ ಬಿಟ್ಟು, ಪಕ್ಕದ್ದು ಇಟ್ಟುಕೊಳ್ಳೋದು?

— ನ್ಯೂಗಿನಿಯ ಪೂರ್ವಕ್ಕೆ ಬೂಗನ್‌ವಿಲ್ ಎಂಬ ದ್ವೀಪ ಉಂಟು. ಅಲ್ಲಿ ರೊಟೊಕಾಸ್ ಎಂಬ ಭಾಷೆ. ಪಾಪುವನ್ ಭಾಷೆ ಎನ್ನುತ್ತಾರೆ. ದ್ರಾವಿಡದ ಹಾಗೆ ಅದೊಂದು ಕುಟುಂಬ ಅಲ್ಲ, ಆ ಪ್ರದೇಶದ ಎಷ್ಟೋ ಕುಟುಂಬಗಳಿಗೆ ಒಟ್ಟಾಗಿ ಇಟ್ಟ ಹೆಸರು. ರೊಟೊಕಾಸಿನ ನಡುನಾಡಿನ ಉಪಭಾಷೆಯಲ್ಲಿ ಒಟ್ಟು ಹನ್ನೊಂದೇ ಧ್ವನಿಮಾ, ಆರು ವ್ಯಂಜನ, ಐದು ಸ್ವರ. ಜಗತ್ತಿನಲ್ಲೇ ಅತ್ಯಂತ ಕಡಿಮೆ ಧ್ವನಿಗಳಿರುವ ಭಾಷೆಗಳಲ್ಲಿ ಒಂದು. ಅಲ್ಲಿ ಮ, ನಗಳಿಗೆ ಸ್ವಂತ ಸ್ಥಾನವೇ ಇಲ್ಲ. ಹೊರಗಿನವರು ತಮ್ಮ ಭಾಷೆಯನ್ನು ಹೇಗೆ ಮಾತಾಡುತ್ತಾರೆ ಎಂದು ಅಣಕಿಸುವಾಗ ಮಾತ್ರ ಅವರ ಬಾಯಲ್ಲಿ ಅನುನಾಸಿಕ ಬರುತ್ತದಂತೆ.

— ಅಬ್ಬಾ. ಮಕಾರ ಇಲ್ಲದ ಭಾಷೆ.

— ಪೂರಾ ಕೇಳು. 1969ರಲ್ಲಿ ಈ ಹನ್ನೊಂದರ ಲೆಕ್ಕ ಪ್ರಕಟವಾಯಿತು, ಪುಸ್ತಕದಿಂದ ಪುಸ್ತಕಕ್ಕೆ ಹೋಯಿತು. 2006ರಲ್ಲಿ ಇನ್ನೊಬ್ಬ ವಿದ್ವಾಂಸ ಅದೇ ಭಾಷೆಯ ಐಟಾ ಎಂಬ ಉಪಭಾಷೆಯನ್ನು ವಿವರಿಸಿದ. ಐಟಾದಲ್ಲಿ ಮ, ನ ಬೇರೆಯಾಗಿಯೇ ಇದ್ದವು! ಮೊದಲು ಇಡೀ ಭಾಷೆಗೇ ಅನುನಾಸಿಕಗಳಿದ್ದವು, ನಡುನಾಡಿನವರಲ್ಲಿ ಅವು ಬಕಾರ, ದಕಾರದಂಥವುಗಳ ಜೊತೆ ಕೂಡಿಹೋದವು, ಐಟಾದವರು ಉಳಿಸಿಕೊಂಡರು ಎಂದು ಆಗ ಸ್ಪಷ್ಟವಾಯಿತು. ಐಟಾದ ಕಡೆಗೆ ಯಾರೂ ಹೋಗದಿದ್ದರೆ, ಅನುನಾಸಿಕವೇ ಇಲ್ಲದ ಭಾಷೆ ಎಂದು ಇಡೀ ರೊಟೊಕಾಸಿಗೆ ಮುದ್ರೆ ಒತ್ತಿ ಮುಗಿಸುತ್ತಿದ್ದರು. ಇನ್ನೊಂದು ಸಂಗತಿ ನಿನಗೆ ಹಿಡಿಸುತ್ತದೆ. ರೊಟೊಕಾಸಿನಲ್ಲಿ ತಕಾರದ ಮುಂದೆ ಇಕಾರ ಬಂದರೆ ಅದು ಸಕಾರದ ಹಾಗೆ ಕೇಳುತ್ತದೆ. ತ, ಸ ಅಲ್ಲಿ ಒಂದೇ ಧ್ವನಿಯ ಎರಡು ರೂಪ. ನಮ್ಮ ತರೆ–ಸರೆ ನೋಡಿ ನಗುವವರಿಗೆ ಇದನ್ನು ಹೇಳಬೇಕು ಎನಿಸುತ್ತದೆ ನನಗೆ.

— ಹಾಗಾದರೆ ನಮ್ಮ ಐಟಾ ಯಾವುದು ಟೀಚರ್?

— ಒಂದಲ್ಲ, ಹಲವು ಉಂಟು. ಳಕಾರವನ್ನೇ ತೆಗೆದುಕೋ. ತುಳುನಾಡಿನ ಎಷ್ಟೋ ಕಡೆ ಲ, ಳ ಒಂದಾಗಿ ಹೋಗಿವೆ, ‘ಉಳ್ಳೆ’ ಎನ್ನುವ ಕಡೆ ‘ಉಲ್ಲೆ’ ಎಂದೇ ಕೇಳುತ್ತದೆ. ದಕ್ಷಿಣದ ಸಾಮಾನ್ಯ ತುಳುವಿನಲ್ಲಿ ಆ ವ್ಯತ್ಯಾಸ ಈಗಲೂ ಗಟ್ಟಿಯಾಗಿ ಉಂಟು. ಬ್ರಾಹ್ಮಣರ ತುಳುವಿನಲ್ಲೂ ಉಂಟು. ಈಗ ಹೇಳು, ಳಕಾರ ಇರುವುದೇ ಶುದ್ಧ ಎಂದರೆ ಉತ್ತರದವರೆಲ್ಲ ಅಶುದ್ಧ ಆದರಾ? ‘ಇಲ್ಲ’ ಎಂಬ ಅರ್ಥದ ಇಜ್ಜಿಗೆ ಶಿವಳ್ಳಿ ಬ್ರಾಹ್ಮಣರು ಇದ್ದಿ ಎನ್ನುತ್ತಾರೆ. ಏನು ಎಂದು ಕೇಳುವುದಕ್ಕೆ ದಾದ, ದಾನೆ, ಜಾನೆ, ಎಲ್ಲವನ್ನೂ ನಾನು ಕೇಳಿದ್ದೇನೆ. ಚಂದ್ರಗಿರಿ ಹೊಳೆ ದಾಟಿದರೆ ಮಲಯಾಳದ ಗಾಳಿ ಬೀಸುತ್ತದೆ. ಪದ್ಮನಾಭ ಕೇಕುಣ್ಣಾಯರು ಈ ಉಪಭಾಷೆಗಳನ್ನು ಒಂದಕ್ಕೊಂದು ಹೋಲಿಸಿ ಬರೆದ ಇಡೀ ಗ್ರಂಥ 1994ರಲ್ಲೇ ಬಂದಿದೆ. ವೇದಿಕೆ ಸಿಕ್ಕಿದಾಗೆಲ್ಲ ನಮ್ಮವರು ಭಾಷಾವಿದ್ವಾಂಸ ಕಾಲ್ಡ್‌ವೆಲ್ ತುಳುವನ್ನು ಹೊಗಳಿದ್ದನ್ನು ಹೇಳುತ್ತಾರೆ. ನೂರೈವತ್ತು ವರ್ಷದ ಹಿಂದಿನ ಹೊಗಳಿಕೆ ಅದು. ನಮ್ಮ ನಾಡಿನವರೇ ಮಾಡಿದ ಇಂಥ ಕೆಲಸದ ಹೆಸರನ್ನು ಮಾತ್ರ ಅಲ್ಲಿ ಯಾರೂ ಎತ್ತುವುದಿಲ್ಲ. ಇದು ನನಗೆ ಬೇಸರದ ಸಂಗತಿ.

— ಆದರೆ ಟೀಚರ್, ಬ್ರಾಹ್ಮಣ ತುಳು, ಜೈನ ತುಳು, ಸಾಮಾನ್ಯ ತುಳು ಅಂತ ಜಾತಿಯ ಹೆಸರಲ್ಲಿ ಭಾಗ ಮಾಡೋದು ಸರಿಯಾ? ನಮ್ಮ ತಂಡದಲ್ಲಿ ಇದಕ್ಕೆ ಜಗಳವೇ ಆಯ್ತು.

— ಜಗಳ ಆದದ್ದು ಒಳ್ಳೆಯದೇ. ಜಾತಿ ಬಾಯಿಯ ಒಳಗೆ ಇರುವುದಿಲ್ಲ. ಯಾರು ಯಾರ ಮನೆಯಲ್ಲಿ ಕೂತು ಮಾತಾಡುತ್ತಿದ್ದರು, ಯಾರು ಯಾರನ್ನು ಅಂಗಳದಲ್ಲೇ ನಿಲ್ಲಿಸುತ್ತಿದ್ದರು, ಅದರಿಂದ ಮಾತು ಬೇರೆ ಬೇರೆಯಾಯಿತು. ಆ ಗೆರೆ ಇದ್ದದ್ದು ಸತ್ಯ, ಹಾಗಾಗಿ ವಿದ್ವಾಂಸರು ಬರೆದರು. ನಾವು ನೋಡಬೇಕಾದದ್ದು ಮೇಲು ಕೀಳು ಎಲ್ಲಿ ಸೇರಿಕೊಂಡಿತು ಎಂದು. ಅರುಣಾಬ್ಜನ ಮಹಾಭಾರತೊ, ವಿಷ್ಣುತುಂಗನ ಭಾಗವತೊ, ತುಳು ಲಿಪಿಯ ಇಂಥ ಓಲೆಗರಿಗಳು ಬ್ರಾಹ್ಮಣರ ತುಳುವಿಗೆ ಹತ್ತಿರದವು. ವೆಂಕಟರಾಜ ಪುಣಿಂಚತ್ತಾಯರು ಅವುಗಳನ್ನು ಹುಡುಕಿ ತೆಗೆದು ಬೆಳಕಿಗೆ ತಂದರು, ಅದು ಸಣ್ಣ ಉಪಕಾರ ಅಲ್ಲ. ಇನ್ನೊಂದು ಕಡೆ ಪಾಡ್ದನ ಎಂಬ ಹಾಡುಕಥೆ. ಗದ್ದೆಯಲ್ಲಿ ನೇಜಿ ನೆಡುವ ಹೆಂಗಸರ ಬಾಯಲ್ಲಿ, ಭೂತ ಕಟ್ಟುವವರ ಬಾಯಲ್ಲಿ ಬೆಳೆದದ್ದು. ಗೋಪಾಲ ನಾಯ್ಕರು ಹಾಡಿದ ಸಿರಿ ಪಾಡ್ದನವನ್ನು ಫಿನ್ಲೆಂಡಿನ ಲೌರಿ ಹೊಂಕೊ, ನಮ್ಮ ವಿವೇಕ ರೈ, ಚಿನ್ನಪ್ಪ ಗೌಡರ ತಂಡ 1990ರಲ್ಲಿ ಧ್ವನಿಮುದ್ರಿಸಿತು. 1998ರಲ್ಲಿ ಅಚ್ಚಾದಾಗ 15,683 ಸಾಲು ಆಯಿತು. ಓಲೆಗರಿಯ ತುಳು ಹೆಚ್ಚು ತುಳುವಾ, ಪಾಡ್ದನದ ತುಳು ಹೆಚ್ಚು ತುಳುವಾ? ನಾನಂತೂ ಒಂದನ್ನು ಇಟ್ಟು ಇನ್ನೊಂದನ್ನು ಬಿಡಲು ತಯಾರಿಲ್ಲ.

— ಲಿಪಿ ಅಂದ್ರಲ್ಲ, ತುಳು–ತಿಗಳಾರಿ ಲಿಪಿ 2024ರಲ್ಲಿ ಯೂನಿಕೋಡಿಗೆ ಸೇರಿತು. ಇನ್ನು ನಮ್ಮ ಸ್ವಂತ ಲಿಪಿಯಲ್ಲೇ ಬರೆದರೆ ಈ ಎಕಾರದ ಸಮಸ್ಯೆ ತಾನಾಗಿ ಮುಗಿಯುತ್ತಲ್ಲ?

— ಲಿಪಿ ಸೇರಿದ್ದು ಹೆಮ್ಮೆಯ ವಿಷಯ, ನನಗೂ ಕಣ್ಣು ತುಂಬಿ ಬಂತು. ಆದರೆ ತಾನಾಗಿ ಮುಗಿಯುವುದಿಲ್ಲ. ಆ ಲಿಪಿಯನ್ನು ಹೆಚ್ಚಾಗಿ ಬಳಸಿದ್ದು ಸಂಸ್ಕೃತ ಬರೆಯಲು. ಯಾವ ಲಿಪಿಯಲ್ಲೇ ಬರೆ, ಎರಡು ಎಕಾರ ಬೇರೆ ಬೇರೆ ಎಂದು ಬರೆಯುವವನು ನಿಶ್ಚಯ ಮಾಡಬೇಕು. ಅಕ್ಷರ ಸುಂದರವಾಗಿದ್ದರೆ ಸಾಲದು.

— ಇನ್ನೊಂದು ಕೇಳಬೇಕು. ಕೊರಗ ಸಮುದಾಯದವರ ಮನೆಗಳಿಗೆ ಹೋಗಿ ರೆಕಾರ್ಡ್ ಮಾಡಬೇಕು ಅಂತ ನನಗೆ ಆಸೆ. ಅವರ ತುಳುವಿನಲ್ಲಿ ಸಕಾರದ ಬದಲು ಚಕಾರ ಬರುತ್ತೆ ಅಂತ ಓದಿದೆ.

— ಬರುತ್ತದೆ. ಸ, ಶ ಎರಡೂ ಅಲ್ಲಿ ಚಕಾರದ ಜೊತೆ ಸೇರುತ್ತವೆ. ಅದನ್ನು ತೊದಲು ಎಂದು ನಕ್ಕವರು ಬಹಳ ಜನ. ಕನ್ನಡದ ‘ಸಾಯು’ ಎಂಬುದರ ಸಕಾರವೂ ಮೂಲ ದ್ರಾವಿಡದ ಚಕಾರದಿಂದ ಬಂದದ್ದು ಎಂದು ಆ ನಕ್ಕವರಿಗೆ ಗೊತ್ತಿಲ್ಲ. ತೆಲುಗಿನಲ್ಲಿ ಈಗಲೂ ಅದು ಚಕಾರವೇ. ಆದರೆ ನೀನು ಎರಡು ವಿಷಯವನ್ನು ಬೇರೆ ಮಾಡಿಕೊಳ್ಳಬೇಕು. ಕೊರಗರು ಮಾತಾಡುವ ತುಳು ಒಂದು. ಕೊರಗ ಭಾಷೆ ಇನ್ನೊಂದು. ಅದು ತುಳುವಿನ ಉಪಭಾಷೆ ಅಲ್ಲ, ಸ್ವತಂತ್ರ ಭಾಷೆ. ಶಂಕರ ಭಟ್ಟರೇ 1971ರಲ್ಲಿ ಅದರ ಬಗ್ಗೆ ಪುಸ್ತಕ ತಂದರು. ಅದರಲ್ಲೂ ಒಂಟಿ, ತಪ್ಪು, ಮುದು ಎಂದು ಮೂರು ಉಪಭಾಷೆಗಳನ್ನು ಗುರುತಿಸಿದರು. 2011ರ ಜನಗಣತಿಯಲ್ಲಿ ತುಳು ಮಾತಾಡುವವರು 18,46,427. ಇಷ್ಟು ಜನರಿರುವ ತುಳುವಿಗೇ ಇಷ್ಟು ಚಿಂತೆ ಇದ್ದರೆ, ಆ ಸಣ್ಣ ಭಾಷೆಯ ಒಂದೊಂದು ಉಪಭಾಷೆಯ ಗತಿ ಎಂತ ಎಂದು ಯೋಚಿಸು.

— ಹಾಗಾದರೆ ನಾಳೆಯೇ ಹೋಗಬೇಕು ಅನ್ನಿಸುತ್ತೆ.

— ಹೋಗು, ಆದರೆ ಅವಸರದಲ್ಲಿ ಅಲ್ಲ. ಅಜಲು ಪದ್ಧತಿ ಎಂದು ಆ ಜನರನ್ನು ಹೀನವಾಗಿ ನಡೆಸಿಕೊಂಡ ರೀತಿಯನ್ನು ಕಾನೂನು ಮಾಡಿ ನಿಷೇಧಿಸಿದ್ದು 2000ದಲ್ಲಿ. ಅಂದರೆ ನಿನ್ನ ಎದುರು ಕೂರುವ ಹಿರಿಯರು ಆ ಅವಮಾನವನ್ನು ಮೈಮೇಲೆ ಕಂಡವರು. ಮಾತು ಬಾಯಿಗೆ ಬಂದರೆ ಜಾತಿ ಗೊತ್ತಾಗುತ್ತದೆ ಎಂದು ಮಾತನ್ನೇ ಅಡಗಿಸಿಟ್ಟುಕೊಂಡವರು. ಅಂಥವರ ಮುಂದೆ ಮೈಕ್ ಹಿಡಿದು, ನಿಮ್ಮ ಭಾಷೆಯಲ್ಲಿ ಇದಕ್ಕೆ ಎಂತ ಹೇಳುತ್ತೀರಿ ಎಂದು ಕೇಳಬಾರದು. ಮೊದಲು ಅವರ ಸಂಘಟನೆಯವರ ಹತ್ತಿರ ಮಾತಾಡು. ಅವರ ಮಕ್ಕಳಲ್ಲೇ ಈಗ ಓದಿದವರು ಇದ್ದಾರೆ. ರೆಕಾರ್ಡ್ ಮಾಡುವುದು ಅವರೇ ಮಾಡಲಿ, ಇಟ್ಟುಕೊಳ್ಳುವುದೂ ಅವರ ಹತ್ತಿರವೇ ಇರಲಿ. ನಿನಗೆ ಎಷ್ಟು ಕೊಡಬೇಕು ಎಂದು ಅವರು ಹೇಳಲಿ.

— ಆಗಲಿ ಟೀಚರ್. ಉಳಿದ ಕಡೆಗಳಲ್ಲಿ? ಕಾಗದದಲ್ಲಿ ವಾಕ್ಯ ಬರೆದು ಓದಿಸೋದು ಬಿಡಬೇಕಾ?

— ಪೂರಾ ಬಿಡಬೇಡ, ಆದರೆ ಅದರಿಂದಲೇ ಶುರು ಮಾಡಬೇಡ. ಕಾಗದ ಕೊಟ್ಟರೆ ಎಲ್ಲರೂ ಮೇಷ್ಟ್ರ ಮುಂದೆ ಓದುವ ಮಕ್ಕಳಾಗುತ್ತಾರೆ. ಕಾರ್ಕಳದವನು ಹರೆಯನ್ನು ಬಿಟ್ಟು ತರೆ ಎನ್ನುತ್ತಾನೆ, ಇದ್ದಿ ಎನ್ನುವವಳು ಇಜ್ಜಿ ಎನ್ನುತ್ತಾಳೆ. ನೀನು ಕುಡ್ಲದ ತುಳುವಿನಲ್ಲಿ ಪ್ರಶ್ನೆ ಕೇಳಿದರೂ ಅದೇ ಆಗುತ್ತದೆ, ಎದುರಿನವರು ನಿನ್ನ ಮಾತಿಗೆ ತಮ್ಮ ಮಾತನ್ನು ಹೊಂದಿಸಿಕೊಳ್ಳುತ್ತಾರೆ. ಅದು ನಮ್ಮ ಊರಿನ ಮರ್ಯಾದೆ, ಐದು ಭಾಷೆ ಇರುವ ಊರಿನಲ್ಲಿ ಎಲ್ಲರಿಗೂ ಅಭ್ಯಾಸ. ಮಂಗಳೂರಿಗೆ ಕೊಂಕಣಿಯವರು ಕೊಡಿಯಾಲ್ ಎನ್ನುತ್ತಾರೆ, ಬ್ಯಾರಿಗಳು ಮೈಕಾಲ ಎನ್ನುತ್ತಾರೆ, ನಮ್ಮ ಹತ್ತಿರ ಮಾತಾಡುವಾಗ ಇಬ್ಬರೂ ಕುಡ್ಲ ಎನ್ನುತ್ತಾರೆ. ಆದ್ದರಿಂದ ಒಂದೇ ಮನೆಯ ಇಬ್ಬರನ್ನು ಕೂರಿಸು. ಅತ್ತೆ ಸೊಸೆಯೋ, ಅಕ್ಕ ತಂಗಿಯೋ. ಮೀನಿನ ರೇಟಿನ ಬಗ್ಗೆಯೋ, ಮಳೆಗಾಲಕ್ಕೆ ಹಪ್ಪಳ ಮಾಡಿಟ್ಟ ಬಗ್ಗೆಯೋ ಅವರು ಅವರೊಳಗೆ ಮಾತಾಡಲಿ.

— ಆಮೇಲೆ ಬರೆದುಕೊಳ್ಳುವಾಗ?

— ಕೇಳಿದ್ದನ್ನೇ ಬರೆ, ತಿದ್ದಬೇಡ. ಉಪಾಧ್ಯಾಯರ ನಿಘಂಟು ತೆರೆದು ನೋಡು, ಆರು ಸಂಪುಟದಲ್ಲೂ ಒಂದೊಂದು ಪದಕ್ಕೆ ಎಷ್ಟು ರೂಪ ಕೊಟ್ಟಿದ್ದಾರೆ ಎಂದು. ಇದು ಸರಿ, ಅದು ತಪ್ಪು ಎಂದು ಹೊಡೆದು ಹಾಕಲಿಲ್ಲ. ನಿನ್ನ ಪಟ್ಟಿಯಲ್ಲೂ ಊರಿನ ಹೆಸರು ಇರಲಿ, ಪ್ರಾಯ ಇರಲಿ, ಗಂಡೋ ಹೆಣ್ಣೋ ಇರಲಿ. ಅಗಲದ ಎಕಾರಕ್ಕೆ ನಿನ್ನ ಯಂತ್ರದಲ್ಲಿ ಒಂದು ಗುರುತು ಇಟ್ಟುಕೋ, ಪರದೆಯ ಮೇಲೆ ಜನರಿಗೆ ಕಾಣಲಿ, ಕಾಣದೆ ಇರಲಿ. ಅರೆ ಉಕಾರಕ್ಕೂ ಹಾಗೆಯೇ. ಯಂತ್ರ ಓದುವಾಗ ಯಾವ ಊರಿನ ತುಳು ಬೇಕು ಎಂದು ಕೇಳುವವನು ಆರಿಸಿಕೊಳ್ಳುವ ಹಾಗೆ ಮಾಡಲಿಕ್ಕೆ ಆಗುತ್ತದಾ?

— ಆಗುತ್ತೆ. ಆದರೆ ಒಂದೊಂದಕ್ಕೂ ಸಾಕಷ್ಟು ಗಂಟೆ ಧ್ವನಿ ಬೇಕು.

— ಹಾಗಿದ್ದರೆ ಮೊದಲು ಮಂಜೇಶ್ವರದ ಕಡೆ ಹೋಗು. ಲ–ಳ ವ್ಯತ್ಯಾಸ ಅಲ್ಲಿ ಚೆನ್ನಾಗಿ ಸಿಗುತ್ತದೆ, ನನಗೆ ಅಲ್ಲಿ ಒಂದೆರಡು ಮನೆಯವರ ಪರಿಚಯವೂ ಉಂಟು. ಆಮೇಲೆ ಮೂಡುಬಿದಿರೆ, ಕಾರ್ಕಳ. ಅಲ್ಲಿ ನಿನ್ನ ಅಜ್ಜಿಯ ಮನೆಯವರ ಜೊತೆಗೇ ಶುರು ಮಾಡಬಹುದು. ‘ಎಲ್ಲೆ ಬರ್ಪೆ’ಯನ್ನು ಈ ಸಲ ಎರಡು ವಾಕ್ಯ ಮಾಡಿ ಇಟ್ಟುಕೋ, ಒಂದು ಯಾನ್ ಸೇರಿಸಿ, ಇನ್ನೊಂದು ಆಯೆ ಸೇರಿಸಿ. ಎಲ್ಲ ಊರಿನಲ್ಲೂ ಎರಡನ್ನೂ ಹೇಳಿಸು. ಎಲ್ಲಿ ಎರಡು ಎಕಾರ ಒಂದಾಗುತ್ತಾ ಇದೆ, ಯಾವ ಪ್ರಾಯದವರಲ್ಲಿ ಆಗುತ್ತಾ ಇದೆ ಎಂದು ಪಟ್ಟಿ ಮಾಡಿ ನನಗೆ ತೋರಿಸು.